ಗಸಗಸೆ, ಸಾಸಿವೆ, ಕಾಳುಮೆಣಸು: ಹೂದೋಟದ ಎಲೆ ತಿನ್ನುವ ಹುಳುಗಳ ಹತೋಟಿ

ಬೆಳಿಗ್ಗೆ ಅಂಗಳ ಗುಡಿಸುವಾಗ ನಂದಿಬಟ್ಟಲಿನ ಬುಡದಲ್ಲಿ ಕಾಳುಮೆಣಸಿನ ಗಾತ್ರದ ಕಪ್ಪು ಉಂಡೆಗಳು ಚೆಲ್ಲಿದ್ದವು. ತಲೆಯೆತ್ತಿ ನೋಡಿದರೆ ಮೇಲಿನ ನಾಲ್ಕು ರೆಂಬೆಗಳಲ್ಲಿ ಎಲೆಯೇ ಇಲ್ಲ, ನಡುನರ ಮಾತ್ರ ಕಡ್ಡಿಯಂತೆ ನಿಂತಿದೆ. ಒಂದೇ ರಾತ್ರಿಯಲ್ಲಿ ಹೀಗಾಯಿತು ಎಂದು ಮನೆಯವರಿಗೆಲ್ಲ ಹೇಳಿದೆ. ಅದು ಸುಳ್ಳು. ಆ ಉಂಡೆಗಳು ಕೆಲವು ದಿನಗಳ ಹಿಂದೆ ಸಾಸಿವೆಯಷ್ಟಿದ್ದವು, ಅದಕ್ಕೂ ಹಿಂದೆ ಗಸಗಸೆಯಷ್ಟಿದ್ದವು. ನಾನೇ ಅವನ್ನು ಕಸದ ಜೊತೆ ಗುಡಿಸಿ ಹಾಕಿದ್ದೆ.

ಉಂಡೆಗಳೆಂದರೆ ಹುಳುವಿನ ಹಿಕ್ಕೆ. ಹುಳು ಬೆಳೆದಂತೆ ಹಿಕ್ಕೆಯೂ ದಪ್ಪವಾಗುತ್ತದೆ. ಎಲೆ ತಿನ್ನುವ ಹುಳು ಪತಂಗದ ಅಥವಾ ಚಿಟ್ಟೆಯ ಮರಿ. ಮೊಟ್ಟೆಯೊಡೆದು ಬಂದ ದಿನದಿಂದ ಕೋಶವಾಗುವ ತನಕ ಅದಕ್ಕೆ ಸಾಮಾನ್ಯವಾಗಿ ಎರಡರಿಂದ ಮೂರು ವಾರ ಹಿಡಿಯುತ್ತದೆ. ಈ ಅವಧಿಯಲ್ಲಿ ಅದು ಹಲವು ಬಾರಿ ಪೊರೆ ಕಳಚುತ್ತದೆ. ಜೀವಮಾನದಲ್ಲಿ ತಿನ್ನುವ ಎಲೆಯ ಮುಕ್ಕಾಲು ಪಾಲಿಗಿಂತ ಹೆಚ್ಚನ್ನು ಕೊನೆಯ ಎರಡು ಹಂತಗಳಲ್ಲೇ ತಿನ್ನುತ್ತದೆ. ಅಂದರೆ ಗಿಡ ಬೋಳಾಯಿತೆಂದು ನಾವು ಬೆಚ್ಚುವ ಹೊತ್ತಿಗೆ ಅದರ ಊಟ ಮುಗಿಯುತ್ತ ಬಂದಿರುತ್ತದೆ. ಆಗ ಅಂಗಡಿಗೆ ಓಡಿ ಔಷಧ ತಂದು ಹೊಡೆದರೆ ಸಾಯುವುದು ನಾಡಿದ್ದು ತಾನಾಗಿಯೇ ಇಳಿದು ಮಣ್ಣು ಸೇರಲಿದ್ದ ಹುಳು. ಆದ್ದರಿಂದ ಈ ಮಾರ್ಗದರ್ಶಿಯಲ್ಲಿ ಪ್ರತಿ ಉಪಾಯವನ್ನೂ ಮೂರು ಅಳತೆಗಳಿಗೆ ಹೊಂದಿಸಿ ಹೇಳುತ್ತೇನೆ: ಗಸಗಸೆ ಹಂತ, ಸಾಸಿವೆ ಹಂತ, ಮೆಣಸಿನ ಹಂತ.

ಹೆಜ್ಜೆ 1: ತಿಂದವರು ಯಾರು?

ಎಲೆಯಲ್ಲಿ ತೂತು ಕಂಡ ಕೂಡಲೇ ಹುಳುವಿನ ಮೇಲೆ ಅನುಮಾನಪಡಬೇಡಿ. ತೂತಿನ ಸುತ್ತ, ನೆಲದ ಮೇಲೆ ಒಣಗಿದ ಲೋಳೆಯ ಹೊಳೆಯುವ ಗೆರೆ ಇದ್ದರೆ ಅದು ಬಸವನಹುಳುವಿನ ಕೆಲಸ. ಗುಲಾಬಿ ಎಲೆಯ ಅಂಚಿನಲ್ಲಿ ಯಾರೋ ನಾಣ್ಯವಿಟ್ಟು ಕತ್ತರಿಸಿದಂತೆ ನಯವಾದ ಅರ್ಧಚಂದ್ರಗಳಿದ್ದರೆ ಅದು ಎಲೆ ಕತ್ತರಿಸುವ ಜಾತಿಯ ಜೇನು. ಅದು ಎಲೆಯನ್ನು ತಿನ್ನುವುದಿಲ್ಲ, ಗೂಡಿಗೆ ಹಾಸಲು ಒಯ್ಯುತ್ತದೆ. ಗಿಡಕ್ಕೆ ಅದರಿಂದ ತೊಂದರೆಯಿಲ್ಲ, ಬಿಟ್ಟುಬಿಡಿ. ಮುಂಗಾರಿನ ಮೊದಲ ಒಂದೆರಡು ಮಳೆಯ ಬೆನ್ನಿಗೇ ಗುಲಾಬಿಯ ಎಲೆ ಹರಿದುಹೋದಂತೆ ಕಂಡರೆ ಕತ್ತಲಾದ ಮೇಲೆ ಟಾರ್ಚ್ ಹಿಡಿದು ಹೋಗಿ. ಗೊಣ್ಣೆಹುಳುವಿನ ತಾಯಿಯಾದ ಕಂದು ದುಂಬಿಗಳು ಗೊಂಚಲು ಗೊಂಚಲಾಗಿ ಕುಳಿತಿರುತ್ತವೆ. ರೆಂಬೆ ಅಲುಗಿಸಿದರೆ ಸೋಪು ನೀರಿನ ಬಕೆಟ್ಟಿಗೆ ತೊಪತೊಪನೆ ಬೀಳುತ್ತವೆ. ಹುಳುವಿಗೆ ಹೊಡೆಯುವ ಔಷಧಗಳಲ್ಲಿ ಹೆಚ್ಚಿನವು ಇವುಗಳಿಗೆ ನಾಟುವುದಿಲ್ಲ.

ಇದನ್ನು ಇಷ್ಟು ಒತ್ತಿ ಹೇಳಲು ಕಾರಣವಿದೆ. ಒಮ್ಮೆ ನರ್ಸರಿಯೊಂದರಲ್ಲಿ ತೂತುಬಿದ್ದ ಎಲೆ ತೋರಿಸಿದಾಗ ಬಿಳಿ ಪುಡಿಯೊಂದನ್ನು ಕಟ್ಟಿಕೊಟ್ಟರು. ಎರಡು ವಾರ ಶ್ರದ್ಧೆಯಿಂದ ಸಿಂಪಡಿಸಿದೆ. ಅನಂತರ ಪೊಟ್ಟಣ ಓದಿದರೆ ಅದು ಬೂಷ್ಟು ರೋಗದ ಔಷಧ. ಹುಳುಗಳು ಅದನ್ನು ಉಪ್ಪಿನಕಾಯಿಯಂತೆ ನೆಂಚಿಕೊಂಡು ತಿಂದಿರಬೇಕು.

ಹುಳುವಿನ ಗುರುತುಗಳು ಇವು: ಹಿಕ್ಕೆ, ಅಂಚಿನಿಂದ ಒಳಕ್ಕೆ ಅಂಕುಡೊಂಕಾಗಿ ತಿಂದ ಎಲೆ, ಅಥವಾ ಹಸಿರೆಲ್ಲ ಕೆರೆದು ಕಾಗದದಂತೆ ತೆಳ್ಳಗಾದ ತೇಪೆಗಳು. ಈ ಕೊನೆಯದು ಗಸಗಸೆ ಹಂತದ ಗುರುತು. ಮರಿಹುಳುವಿಗೆ ಎಲೆಯನ್ನು ಪೂರ್ತಿ ಕತ್ತರಿಸುವ ಶಕ್ತಿ ಇರುವುದಿಲ್ಲ, ಮೇಲ್ಪದರವನ್ನು ಕೆರೆಯುತ್ತದೆ. ಕಾಗದದ ತೇಪೆ ಕಂಡಿತೆಂದರೆ ನೀವು ಹೊತ್ತಿಗೆ ಸರಿಯಾಗಿ ಬಂದಿದ್ದೀರಿ.

ಹೆಜ್ಜೆ 2: ಹುಡುಕುವ ಕ್ರಮ

ವಾರಕ್ಕೆ ಎರಡು ದಿನ ಗೊತ್ತುಮಾಡಿಕೊಳ್ಳಿ. ಬುಧವಾರ ಮತ್ತು ಭಾನುವಾರ ನನಗೆ ಒಗ್ಗಿದೆ. ಬುಡದ ನೆಲ ಗುಡಿಸುವ ಮೊದಲು ನೋಡಬೇಕು. ಕುಂಡವಾದರೆ ಕೆಳಗೆ ಹಳೆಯ ದಿನಪತ್ರಿಕೆಯ ಹಾಳೆಯೊಂದನ್ನು ರಾತ್ರಿಯೇ ಹಾಸಿಟ್ಟರೆ ಬೆಳಿಗ್ಗೆ ಲೆಕ್ಕ ಸಿಗುತ್ತದೆ. ಹಿಕ್ಕೆ ಬಿದ್ದ ಜಾಗದಿಂದ ನೇರ ಮೇಲಕ್ಕೆ ಕಣ್ಣು ಹಾಯಿಸಿ. ತಿಂದು ಮುಗಿಸಿದ ರೆಂಬೆಯಲ್ಲಿ ಹುಳು ಇರುವುದಿಲ್ಲ, ಅದಕ್ಕೆ ತಾಗಿದ ಎಲೆಯುಳ್ಳ ರೆಂಬೆಯಲ್ಲಿರುತ್ತದೆ. ಎಲೆಯ ಅಡಿಭಾಗ, ನಡುನರದ ಗುಂಟ, ತೊಟ್ಟಿನ ಬುಡ, ಈ ಮೂರು ಕಡೆ ನೋಡಿ. ಹಸಿರು ಹುಳು ಹಸಿರು ಎಲೆಯಲ್ಲಿ ಕಾಣದಿದ್ದರೆ ಗಿಡಕ್ಕೆ ಸಣ್ಣಗೆ ನೀರು ಚಿಮುಕಿಸಿ, ಅಲ್ಲಾಡಿದ್ದು ಹುಳು.

ಎಷ್ಟು ಹುಡುಕಿದರೂ ಸಿಗದೆ, ಎಲೆ ಮಾತ್ರ ದಿನವೂ ಹೋಗುತ್ತಿದ್ದರೆ ಅದು ಹಗಲು ಮಣ್ಣಿನಲ್ಲಿ ಅಡಗಿ ರಾತ್ರಿ ಹತ್ತುವ ಜಾತಿ. ರಾತ್ರಿ ಎಂಟೂವರೆ ಒಂಬತ್ತರ ಸುಮಾರಿಗೆ ಟಾರ್ಚ್ ಹಿಡಿದು ಒಂದು ಸುತ್ತು ಹಾಕಿ. ಕುಂಡವಾದರೆ ಹಗಲಿನಲ್ಲೇ ಬುಡದ ಮೇಲ್ಮಣ್ಣನ್ನು ಎರಡು ಬೆರಳಿನ ಆಳಕ್ಕೆ ಕೆದಕಿದರೂ ಸುರುಳಿ ಸುತ್ತಿಕೊಂಡ ಬೂದುಗಂದು ಹುಳು ಸಿಗುತ್ತದೆ.

ಹೆಜ್ಜೆ 3: ಗಿಡ ನೋಡಿ ಹುಳು ಗುರುತಿಸಿ

ಹುಳುಗಳಿಗೆ ಬಾಯಿರುಚಿ ಬಲು ಕಟ್ಟುನಿಟ್ಟು. ಹೆಚ್ಚಿನವು ಒಂದೋ ಎರಡೋ ಗಿಡಕ್ಕೆ ಅಂಟಿಕೊಂಡಿರುತ್ತವೆ. ಆದ್ದರಿಂದ ಗಿಡದ ಹೆಸರು ಗೊತ್ತಿದ್ದರೆ ಅರ್ಧ ಪತ್ತೆ ಆದಂತೆಯೇ.

ನಂದಿಬಟ್ಟಲು, ಕಣಗಿಲೆ ಮತ್ತು ನಿತ್ಯಪುಷ್ಪಗಳಲ್ಲಿ ಬರುವುದು ಕಣಗಿಲೆ ಪತಂಗದ ಹುಳು. ಬೆರಳುದ್ದ, ಬೆರಳು ದಪ್ಪ, ಎಳೆಬಾಳೆಯೆಲೆಯ ಹಸಿರು. ಬಾಲದ ಕಡೆ ಒಂದು ಕೊಂಬು, ಮೈಯ ಎರಡೂ ಬದಿಗೆ ಬಿಳಿಯ ಗೆರೆ. ಮುಟ್ಟಿದರೆ ತಲೆ ಒಳಕ್ಕೆಳೆದುಕೊಂಡು ಕತ್ತಿನ ಭಾಗ ಉಬ್ಬಿಸುತ್ತದೆ. ಆಗ ಅಲ್ಲಿ ನೀಲಿ-ಬಿಳಿಯ ಎರಡು ದೊಡ್ಡ ಕಣ್ಣುಗಳು ತೆರೆದುಕೊಳ್ಳುತ್ತವೆ. ಅವು ಕಣ್ಣಲ್ಲ, ಬರೀ ಬಣ್ಣ. ಆದರೂ ಮೊದಲ ಸಲ ನೋಡಿದವರು ಹಾವಿನ ಮರಿಯೆಂದು ಎರಡು ಹೆಜ್ಜೆ ಹಿಂದೆ ಸರಿಯುತ್ತಾರೆ. ಅದು ಕಚ್ಚುವುದಿಲ್ಲ, ಕೊಂಬು ಚುಚ್ಚುವುದೂ ಇಲ್ಲ. ಹಿಕ್ಕೆಯನ್ನು ಅಂಗೈಯಲ್ಲಿಟ್ಟು ನೋಡಿ: ಉದ್ದಕ್ಕೆ ಗೀರುಗಳಿರುವ ಪುಟ್ಟ ಪೀಪಾಯಿ. ಇಷ್ಟು ಅಚ್ಚುಕಟ್ಟಾದ ಹಿಕ್ಕೆ ತೋಟದಲ್ಲಿ ಬೇರೆ ಯಾರದ್ದೂ ಇಲ್ಲ. ಹುಳುವಿನ ಹಸಿರು ಹೋಗಿ ಕಂದುಬಣ್ಣಕ್ಕೆ ತಿರುಗಿದ್ದರೆ ಅದು ತಿನ್ನುವುದನ್ನು ನಿಲ್ಲಿಸಿದೆ, ಕೋಶವಾಗಲು ನೆಲಕ್ಕಿಳಿಯುತ್ತಿದೆ. ಅದರ ಮೇಲೆ ಒಂದು ಹನಿ ಔಷಧವೂ ದಂಡ.

ಸೈಕಾಸ್ ಇರುವವರು ಇಲ್ಲಿ ನಿಧಾನವಾಗಿ ಓದಬೇಕು, ಏಕೆಂದರೆ ಈ ಗಿಡದಲ್ಲಿ ತಪ್ಪಿದರೆ ವರ್ಷವಿಡೀ ಅನುಭವಿಸಬೇಕು. ಸೈಕಾಸ್ ವರ್ಷಕ್ಕೆ ಒಂದೋ ಎರಡೋ ಬಾರಿ ಮಾತ್ರ ಹೊಸ ಗರಿಗಳ ಸುತ್ತೊಂದನ್ನು ಒಟ್ಟಿಗೆ ಬಿಡುತ್ತದೆ. ಗರಿ ಇನ್ನೂ ಬೂದಿಬಣ್ಣದ ಮೆತ್ತನೆಯ ಸುರುಳಿಯಾಗಿರುವಾಗ ಉಗುರಿನಷ್ಟಗಲದ ನೀಲಿ ಚಿಟ್ಟೆಯೊಂದು ಬಂದು ಅಲ್ಲಲ್ಲಿ ಮೊಟ್ಟೆಯಿಡುತ್ತದೆ. ಮರಿಗಳು ಹಸಿರು ಅಥವಾ ಕೆನ್ನೇರಳೆ ಬಣ್ಣದ ಚಪ್ಪಟೆ ಹುಳುಗಳು, ಅಕ್ಕಿಕಾಳಿಗಿಂತ ತುಸು ದೊಡ್ಡವು. ಇವನ್ನು ಹುಡುಕುವುದಕ್ಕಿಂತ ಇರುವೆಗಳನ್ನು ಹುಡುಕುವುದು ಸುಲಭ. ಹುಳು ಸ್ರವಿಸುವ ಸಿಹಿರಸಕ್ಕಾಗಿ ಇರುವೆಗಳು ಅದರ ಬೆನ್ನ ಮೇಲೇ ಕಾವಲು ಕೂರುತ್ತವೆ. ಎಳೆಗರಿಯ ಮೇಲೆ ಇರುವೆ ಸಾಲು ಕಂಡ ದಿನವೇ ಕೈಹಾಕಬೇಕು. ಹುಳು ಕೆರೆದ ಗರಿ ಮತ್ತೆ ಚಿಗುರುವುದಿಲ್ಲ, ಒಣಗಿದ ಬಾಚಣಿಗೆಯಂತೆ ಅಲ್ಲೇ ಉಳಿಯುತ್ತದೆ.

ಇದಕ್ಕೆ ನನ್ನ ಉಪಾಯ ಔಷಧವಿಲ್ಲದ್ದು. ನಡುವಿನಿಂದ ಹೊಸ ಗರಿಗಳ ಮೊಳಕೆ ಕಂಡ ಕೂಡಲೇ ಹಳೆಯ ಸೊಳ್ಳೆಪರದೆಯ ತುಂಡನ್ನು ಸಡಿಲವಾಗಿ ಹೊದಿಸಿ ಕೆಳಗಡೆ ದಾರದಿಂದ ಕಟ್ಟುತ್ತೇನೆ. ಗರಿ ಬಿಡಿಸಿಕೊಂಡು ಬಲಿಯಲು ಎರಡು ಮೂರು ವಾರ ಸಾಕು. ಗಟ್ಟಿಯಾದ ಗರಿಯನ್ನು ಆ ಹುಳು ಮುಟ್ಟುವುದಿಲ್ಲ. ಪರದೆ ಬಿಗಿಯಾಗಿದ್ದರೆ ಗರಿ ಸೊಟ್ಟಗಾಗುತ್ತದೆ, ಒಳಗೆ ಕೈ ಆಡುವಷ್ಟು ಜಾಗವಿರಲಿ.

ಲಿಲ್ಲಿಗಳಲ್ಲಿ ಬರುವ ಹುಳು ಗುರುತಿಸಲು ಕನ್ನಡಕ ಬೇಡ. ಕಪ್ಪು ಮೈಮೇಲೆ ಬಿಳಿ ಚುಕ್ಕೆ, ಕೆಂಪು-ಕಿತ್ತಳೆ ಬೊಟ್ಟು, ಹತ್ತು ಇಪ್ಪತ್ತರ ಗುಂಪು. ಎಲೆ ಮುಗಿಸಿ ಗೆಡ್ಡೆಯ ಕಡೆಗೆ ಇಳಿಯುವ ಜಾತಿಯೂ ಇದೆ. ಗೆಡ್ಡೆ ಕೊಳೆತರೆ ಗಿಡ ಮುಗಿದ ಕಥೆ. ಇಲ್ಲಿ ಕರುಣೆ ಬೇಡ. ಗುಂಪಿರುವ ಎಲೆಯನ್ನು ಬುಡದಿಂದಲೇ ಕತ್ತರಿಸಿ ಸೋಪು ನೀರಿಗೆ ಹಾಕಿ. ಗೆಡ್ಡೆ ಉಳಿದರೆ ಹೊಸ ಎಲೆ ಬಂದೇ ಬರುತ್ತದೆ.

ಗುಲಾಬಿ, ಸೇವಂತಿಗೆ, ಜರ್ಬೆರಾ, ಡೇಲಿಯಾಗಳಿಗೆಲ್ಲ ಬಾಯಿ ಹಾಕುವ ಹೊಟ್ಟೆಬಾಕ ಒಂದಿದೆ. ತಂಬಾಕು ಬೆಳೆಗಾರರು ಶಪಿಸುವ ಸ್ಪೊಡಾಪ್ಟೆರಾ ಅದೇ. ಅದರ ತಾಯಿ ಎಲೆಯ ಅಡಿಯಲ್ಲಿ ನೂರಾರು ಮೊಟ್ಟೆಗಳನ್ನು ಒಂದೇ ಗುಡ್ಡೆಯಾಗಿಟ್ಟು ತನ್ನದೇ ಮೈಯ ಕಂದು ರೋಮ ಹೊದಿಸುತ್ತದೆ. ನೋಡಲು ತುಕ್ಕು ಹಿಡಿದ ಹತ್ತಿಯ ಚೂರಿನಂತಿರುತ್ತದೆ. ಆ ಒಂದು ಎಲೆ ಕಿತ್ತರೆ ನೂರಾರು ಹುಳು ಒಟ್ಟಿಗೆ ಹೋದವು. ತಡವಾದರೆ ಅವು ಚದುರಿ, ಹಗಲು ಮಣ್ಣಿಗಿಳಿದು ರಾತ್ರಿ ಮೇಯುತ್ತವೆ. ಸೇವಂತಿಗೆ ಮತ್ತು ಚೆಂಡು ಹೂವಿನ ಮೊಗ್ಗಿಗೇ ತಲೆ ತೂರಿಸಿ ತಿನ್ನುವ ಇನ್ನೊಂದು ಹುಳುವೂ ಉಂಟು. ತೂತುಬಿದ್ದ ಮೊಗ್ಗನ್ನು ಒಡೆದು ನೋಡದೆ ಎಸೆಯಬೇಡಿ, ಅದು ಇನ್ನೂ ಒಳಗೇ ಇರುತ್ತದೆ.

ದಾಸವಾಳದ ಎಲೆ ಬೀಡಿಯಂತೆ ಸುತ್ತಿಕೊಂಡಿದ್ದರೆ ಒಳಗೊಂದು ಹೊಳೆವ ಹಸಿರು ಹುಳು ನೂಲು ನೇಯ್ದುಕೊಂಡು ಕುಳಿತಿದೆ. ಸುರುಳಿಯೊಳಕ್ಕೆ ಯಾವ ಸಿಂಪಡಣೆಯೂ ಹೋಗುವುದಿಲ್ಲ. ಸುತ್ತಿದ ಎಲೆಯನ್ನೇ ಎರಡು ಬೆರಳಲ್ಲಿ ಒತ್ತಿಬಿಡಿ. ಮಲ್ಲಿಗೆಯಲ್ಲಿ ಮಳೆಯ ನಂತರ ಬುಡದ ಕಡೆಯ ಎಲೆಗಳಿಗೆ ಬಲೆ ಕಟ್ಟುವ ಹುಳುವಿಗೂ ಇದೇ ಮದ್ದು: ಬಲೆಗಟ್ಟಿದ ಕುಡಿ ಕತ್ತರಿಸುವುದು, ನೆಲಕ್ಕೆ ತಾಗುವ ರೆಂಬೆ ಸವರುವುದು.

ಕಾಡುಬಸಳೆಯ ದಪ್ಪ ಎಲೆ ಒಳಗೊಳಗೇ ಟೊಳ್ಳಾಗಿ ಗುಳ್ಳೆಯಂತೆ ಊದಿದ್ದರೆ ಅದು ಕೆಂಪು-ಕಪ್ಪು-ಬಿಳಿಯ ಪುಟ್ಟ ಚಿಟ್ಟೆಯೊಂದರ ಮರಿ, ಎಲೆಯ ಎರಡು ಸಿಪ್ಪೆಗಳ ನಡುವೆ ವಾಸ. ಆ ಎಲೆ ಕಿತ್ತರೆ ಆಯಿತು. ನಾನಂತೂ ಕೀಳುವುದಿಲ್ಲ.

ಹೆಜ್ಜೆ 4: ಕೊಲ್ಲಲೇಬೇಕೇ ಎಂದು ತೀರ್ಮಾನಿಸಿ

ನೆಲದಲ್ಲಿ ಬೇರೂರಿದ ಗಿಡ ಕಾಲುಭಾಗ ಎಲೆ ಕಳೆದುಕೊಂಡರೂ ತಲೆ ಕೆಡಿಸಿಕೊಳ್ಳುವುದಿಲ್ಲ. ಎರಡು ಮೂರು ವರ್ಷದ ನಂದಿಬಟ್ಟಲು ಪೂರ್ತಿ ಬೋಳಾದರೂ ತಿಂಗಳೊಳಗೆ ಚಿಗುರುತ್ತದೆ, ನಾನು ಕಂಡಿದ್ದೇನೆ. ಹೊಸದಾಗಿ ನೆಟ್ಟ ಸಸಿ, ಸಣ್ಣ ಕುಂಡದ ಗಿಡ, ಸೈಕಾಸ್ ಮತ್ತು ಗೆಡ್ಡೆಗೆ ಅಪಾಯವಿರುವ ಲಿಲ್ಲಿ, ಈ ನಾಲ್ಕಕ್ಕೆ ಮಾತ್ರ ನಾನು ಕಾಯದೆ ಕೈಹಾಕುತ್ತೇನೆ.

ಕೆಲವನ್ನು ಮುಟ್ಟಲೇಬಾರದು. ಹುಳುವಿನ ಬೆನ್ನ ಮೇಲೋ ಪಕ್ಕದಲ್ಲೋ ಅಕ್ಕಿನುಚ್ಚಿನಂಥ ಬಿಳಿ ಗೂಡುಗಳು ಅಂಟಿಕೊಂಡಿದ್ದರೆ ಅವು ಮೊಟ್ಟೆಯಲ್ಲ, ಅದರ ಮೈಯನ್ನು ಒಳಗಿನಿಂದ ತಿಂದು ಹೊರಬಂದ ಪರಾವಲಂಬಿ ಕಣಜದ ಕೋಶಗಳು. ಹುಳು ಹೇಗೂ ಸಾಯುತ್ತದೆ, ಕಣಜಗಳು ಮುಂದಿನ ಪೀಳಿಗೆಯ ಹುಳುಗಳನ್ನು ಹುಡುಕಿಕೊಂಡು ಹೋಗುತ್ತವೆ. ಇನ್ನು, ಮಲೆನಾಡಿನ ಅಂಗಳದಲ್ಲಿ ಈಶ್ವರಿ ಬಳ್ಳಿ ಇದ್ದು ಅದರ ಮೇಲೆ ಮೈತುಂಬ ಮೃದುಮುಳ್ಳಿನ ಕಪ್ಪುಗೆಂಪು ಹುಳು ಕಂಡರೆ ಸಿಂಪಡಿಸುವ ಬಾಟಲಿ ಒಳಗಿಡಿ. ಕರ್ನಾಟಕದ ರಾಜ್ಯ ಚಿಟ್ಟೆಯಾದ ಸಹ್ಯಾದ್ರಿ ಬರ್ಡ್‌ವಿಂಗ್ ಮೊಟ್ಟೆಯಿಡುವುದು ಈ ಜಾತಿಯ ಬಳ್ಳಿಗಳ ಮೇಲೆಯೇ. ಎಕ್ಕದ ಗಿಡದ ಹಳದಿ-ಕಪ್ಪು ಪಟ್ಟೆಯ ಹುಳು, ಕಣಗಿಲೆಯ ಮೇಲೆ ಬರುವ ನಾಲ್ಕು ಜೊತೆ ಕಪ್ಪು ಮೀಸೆಯ ಹುಳು ಕೂಡ ಚಿಟ್ಟೆಗಳವೇ. ಎರಡನೆಯದು ಬೆಳ್ಳಿ-ಬಂಗಾರದ ಹೊಳಪಿನ ಕೋಶವಾಗಿ ಎಲೆಯಡಿಯಲ್ಲಿ ತೂಗುತ್ತದೆ. ಒಂದು ರೆಂಬೆ ಹೋದರೆ ಹೋಗಲಿ.

ಹೆಜ್ಜೆ 5: ಕೈ, ಕತ್ತರಿ, ಸೋಪು ನೀರು

ಹತ್ತು ಹದಿನೈದು ಗಿಡದ ತೋಟಕ್ಕೆ ಇದಕ್ಕಿಂತ ಒಳ್ಳೆಯ ಉಪಾಯವಿಲ್ಲ. ಅರ್ಧ ಬಕೆಟ್ ನೀರಿಗೆ ಎರಡು ಚಮಚ ಪಾತ್ರೆ ತೊಳೆಯುವ ದ್ರಾವಣ ಬೆರೆಸಿ. ಸೋಪಿಲ್ಲದ ನೀರಿನಲ್ಲಿ ಹುಳು ತೇಲಿ ದಡ ಸೇರಿಬಿಡುತ್ತದೆ. ಮೆಣಸಿನ ಹಂತದ ದೊಡ್ಡ ಹುಳುವನ್ನು ಎಲೆ ಸಮೇತ ಕತ್ತರಿಸಿ ಹಾಕಿ, ಎಳೆದರೆ ಅದು ಎಲೆಯನ್ನು ಅಪ್ಪಿ ಹಿಡಿಯುತ್ತದೆ. ಗಸಗಸೆ ಹಂತದ ಮರಿಗಳಿಗೆ ಕೊಳಾಯಿಯ ನೀರನ್ನು ಹೆಬ್ಬೆರಳಿನಿಂದ ಒತ್ತಿ ಎಲೆಯ ಅಡಿಗೆ ರಭಸವಾಗಿ ಹಾಯಿಸಿದರೂ ಸಾಕು.

ಕಣಗಿಲೆ ಕತ್ತರಿಸುವಾಗ ಕೈಗವಸು ಇರಲಿ. ಅದರ ಎಲೆ, ಕಡ್ಡಿ, ರಸ ಎಲ್ಲವೂ ವಿಷ. ಕತ್ತರಿಸಿದ ಕಡ್ಡಿಗಳನ್ನು ಬಚ್ಚಲೊಲೆಗೆ ಹಾಕಬೇಡಿ, ಹೊಗೆಯೂ ವಿಷವೇ. ದನಕರುಗಳ ಬಾಯಿಗೆ ಸಿಗುವಲ್ಲಿ ಎಸೆಯಲೂಬೇಡಿ.

ಕಂಬಳಿಹುಳುವಿನ ಮಾತು ಬೇರೆ. ಅದರ ರೋಮ ಮುರಿದು ಚರ್ಮಕ್ಕೆ ನೆಟ್ಟುಕೊಂಡು ಉರಿ, ತುರಿಕೆ, ದದ್ದು ತರುತ್ತದೆ. ಕಳಚಿಬಿಟ್ಟ ಪೊರೆಯ ರೋಮಕ್ಕೂ ಅಷ್ಟೇ ಶಕ್ತಿ. ಎಳೆಹಸಿರು ಮೈಗೆ ಮುಳ್ಳಿನ ಗೊಂಚಲುಗಳಿರುವ ಚಪ್ಪಟೆ ಹುಳು ಇನ್ನೂ ಕೆಟ್ಟದ್ದು, ಚೇಳಿನ ನೆನಪು ಮಾಡಿಸುತ್ತದೆ. ತುಂಬುತೋಳಿನ ಅಂಗಿ, ದಪ್ಪ ಕೈಗವಸು, ಉದ್ದನೆಯ ಇಕ್ಕಳ ಬೇಕು. ಗಾಳಿಗೆ ಎದುರಾಗಿ ನಿಲ್ಲಬೇಡಿ. ನುಗ್ಗೆಮರದ ಕಾಂಡದಲ್ಲಿ ಕಂಬಳಿ ಹಾಸಿದಂತೆ ಗುಂಪುಗೂಡಿದಾಗ ಪಂಜು ಹಿಡಿದು ಸುಡುವ ರೂಢಿ ಹಳ್ಳಿಗಳಲ್ಲಿದೆ. ತೊಗಟೆ ಬೆಂದು ಮರಕ್ಕೆ ಗಾಯವಾಗುತ್ತದೆ. ಸೋಪು ನೀರಿನಿಂದ ಚೆನ್ನಾಗಿ ತೋಯಿಸಿ, ಹಳೆಯ ಪೊರಕೆಯಿಂದ ಬಕೆಟ್ಟಿಗೆ ಸವರಿ ಬೀಳಿಸುವುದು ಮೇಲು. ಮೈಗೆ ತಾಗಿದರೆ ಉಜ್ಜಬೇಡಿ, ಉಜ್ಜಿದಷ್ಟೂ ರೋಮ ಒಳಗಿಳಿಯುತ್ತದೆ. ಅಂಟುಪಟ್ಟಿಯನ್ನು ಆ ಜಾಗಕ್ಕೆ ಒತ್ತಿ ಎಳೆಯಿರಿ, ಹೊಸ ತುಂಡಿನಿಂದ ನಾಲ್ಕೈದು ಬಾರಿ ಮಾಡಿ. ಆಮೇಲೆ ಸೋಪು ಹಚ್ಚಿ ತೊಳೆದು ಐಸ್ ಇಡಿ. ಕಣ್ಣಿಗೆ ಹೋದರೆ ಅಥವಾ ಉಸಿರಾಟಕ್ಕೆ ತೊಂದರೆಯಾದರೆ ಮನೆಮದ್ದು ಬೇಡ, ಆಸ್ಪತ್ರೆಗೆ ಹೋಗಿ.

ಹೆಜ್ಜೆ 6: ಬೇವು

ಬೇವಿನ ಬಗ್ಗೆ ನಮ್ಮಲ್ಲಿ ಭಕ್ತಿ ಹೆಚ್ಚು, ಅಳತೆ ಕಡಿಮೆ. ಬೇವು ಹುಳುವನ್ನು ಹೊಡೆದ ಕೂಡಲೇ ಬೀಳಿಸುವುದಿಲ್ಲ. ಅದು ಎಲೆಯನ್ನು ಕಹಿಮಾಡಿ ತಿನ್ನುವುದನ್ನು ನಿಲ್ಲಿಸುತ್ತದೆ, ಮರಿಹುಳು ಸರಿಯಾಗಿ ಪೊರೆ ಕಳಚದಂತೆ ಮಾಡುತ್ತದೆ. ಆದ್ದರಿಂದ ಗಸಗಸೆ ಹಂತದಲ್ಲಿ ಹೊಡೆದರೆ ಫಲ, ಸಾಸಿವೆಯಲ್ಲಿ ಅರ್ಧ ಫಲ, ಮೆಣಸಿನ ಹಂತದಲ್ಲಿ ಸಮಾಧಾನ ಮಾತ್ರ.

ಬೇವಿನೆಣ್ಣೆಯಾದರೆ ಒಂದು ಲೀಟರ್ ನೀರಿಗೆ 5 ಮಿ.ಲೀ. ಮೊದಲು ಬಿಸಿ ಆರಿದ ಒಂದು ಲೋಟ ಉಗುರುಬೆಚ್ಚಗಿನ ನೀರಿಗೆ ಎರಡು ಮಿ.ಲೀ. ದ್ರವ ಸಾಬೂನು ಹಾಕಿ, ಅದಕ್ಕೆ ಎಣ್ಣೆ ಸುರಿದು ಹಾಲಿನಂತಾಗುವ ತನಕ ಕಲಕಿ, ಅನಂತರ ಉಳಿದ ನೀರು ಸೇರಿಸಿ. ನಾನು ಮೊದಲ ವರ್ಷ ಸಾಬೂನು ಬಿಟ್ಟು ಎಣ್ಣೆಯನ್ನು ನೇರ ನೀರಿಗೆ ಸುರಿದು ಮಧ್ಯಾಹ್ನ ಎರಡು ಗಂಟೆಗೆ ಸಿಂಪಡಿಸಿದೆ. ಮೊದಲರ್ಧ ಬಾಟಲಿ ಬರೀ ನೀರು, ಕೊನೆಯಲ್ಲಿ ಬರೀ ಎಣ್ಣೆ. ಆ ಕೊನೆಯ ಪಾಲು ಜರೀಗಿಡಕ್ಕೆ ಬಿತ್ತು. ಹುಳು ಉಳಿಯಿತು, ಜರೀಗಿಡ ಸುಟ್ಟಿತು. ಅಂದಿನಿಂದ ಹೊಸ ಗಿಡವಾದರೆ ಮೊದಲು ಎರಡು ಎಲೆಗೆ ಹೊಡೆದು ಒಂದು ದಿನ ಕಾಯುತ್ತೇನೆ.

ಅಂಗಡಿಯ ಬೇವಿನ ಕೀಟನಾಶಕದ ಡಬ್ಬಿಯ ಮೇಲೆ ಅಜಾಡಿರಾಕ್ಟಿನ್ (ಹುಳುವಿನ ಮೇಲೆ ಕೆಲಸ ಮಾಡುವ ಬೇವಿನ ಸತ್ವ) ಎಷ್ಟು ಪಿಪಿಎಂ, ಅಂದರೆ ಹತ್ತು ಲಕ್ಷದಲ್ಲಿ ಎಷ್ಟು ಪಾಲು, ಎಂದು ಬರೆದಿರುತ್ತದೆ. 1500 ಇದ್ದರೆ ಲೀಟರಿಗೆ 5 ಮಿ.ಲೀ., 10000 ಇದ್ದರೆ 2 ಮಿ.ಲೀ. ಸಾಕು. ಮನೆಯಲ್ಲೇ ಮಾಡುವವರು ಬೇವಿನ ಬೀಜದ ತಿರುಳನ್ನು 50 ಗ್ರಾಂ ಕುಟ್ಟಿ, ಬಟ್ಟೆಯಲ್ಲಿ ಗಂಟುಕಟ್ಟಿ, ಒಂದು ಲೀಟರ್ ನೀರಿನಲ್ಲಿ ರಾತ್ರಿಯಿಡೀ ನೆನೆಸಿ, ಬೆಳಿಗ್ಗೆ ಚೆನ್ನಾಗಿ ಹಿಂಡಿ ಸೋಸಿ ತುಸು ಸಾಬೂನು ಬೆರೆಸಬಹುದು. ಎಲೆಯ ಕಷಾಯಕ್ಕೆ ಈ ಬಲವಿಲ್ಲ. ಬೆಂಗಳೂರಿನ ಹೊರವಲಯದ ಹೆಸರಘಟ್ಟದಲ್ಲಿರುವ ಭಾರತೀಯ ತೋಟಗಾರಿಕಾ ಸಂಶೋಧನಾ ಸಂಸ್ಥೆ ಬೇವಿನ ಸಾಬೂನು, ಹೊಂಗೆ ಸಾಬೂನು ಎರಡನ್ನೂ ರೂಪಿಸಿದೆ. ತುರಿದು ನೀರಿಗೆ ಕಲಕಿದರೆ ಆಯಿತು, ಎಣ್ಣೆ ಬೇರ್ಪಡುವ ಗೋಳಿಲ್ಲ.

ಯಾವ ಬೇವಾದರೂ ಬಿಸಿಲಿಗೆ ಬೇಗ ಶಕ್ತಿ ಕಳೆದುಕೊಳ್ಳುತ್ತದೆ. ಸಂಜೆ ಐದೂವರೆಯ ನಂತರ, ಎಲೆಯ ಅಡಿಗೆ ತಾಗುವಂತೆ ಸಿಂಪಡಿಸಿ. ವಾರಕ್ಕೊಮ್ಮೆಯಂತೆ ಮೂರು ಬಾರಿ. ಮೆಣಸಿನಕಾಯಿ-ಬೆಳ್ಳುಳ್ಳಿ ಕಷಾಯವನ್ನೂ ಮಾಡಿ ನೋಡಿದ್ದೇನೆ. ಹುಳುಗಿಂತ ಮೊದಲು ಮನೆಯವರು ಜಾಗ ಖಾಲಿ ಮಾಡಿದರು.

ಹೆಜ್ಜೆ 7: ಬಿ.ಟಿ.

ಒಂದೇ ಔಷಧ ಇಟ್ಟುಕೊಳ್ಳಿ ಎಂದರೆ ನಾನು ಹೇಳುವುದು ಇದನ್ನೇ. ಬ್ಯಾಸಿಲಸ್ ಥುರಿಂಜಿಯೆನ್ಸಿಸ್ (ಚಿಕ್ಕದಾಗಿ ಬಿ.ಟಿ.) ಎಂಬ ಬ್ಯಾಕ್ಟೀರಿಯಾದ ಪುಡಿ ಅಥವಾ ದ್ರವ, ಕುರ್ಸ್ಟಾಕಿ ಎಂಬ ತಳಿಯದ್ದು. ಇದರ ಹುಟ್ಟುಕಥೆ ರೇಷ್ಮೆ ನಾಡಿನವರಾದ ನಮಗೆ ತಿಳಿದಿರಬೇಕು. 1901ರಲ್ಲಿ ಜಪಾನಿನ ಇಶಿವಾಟ ಶಿಗೆತಾನೆ ಇದನ್ನು ಮೊದಲು ಪತ್ತೆಹಚ್ಚಿದ್ದು ರೋಗಬಂದು ಸಾಯುತ್ತಿದ್ದ ರೇಷ್ಮೆಹುಳುಗಳಲ್ಲಿ. ಹತ್ತು ವರ್ಷದ ನಂತರ ಜರ್ಮನಿಯ ಅರ್ನ್ಸ್ಟ್ ಬರ್ಲಿನರ್ ಹಿಟ್ಟಿನ ಪತಂಗದ ಹುಳುವಿನಲ್ಲಿ ಇದನ್ನೇ ಕಂಡು, ಥುರಿಂಗಿಯಾ ಸೀಮೆಯ ಹೆಸರಿಟ್ಟರು. ರೇಷ್ಮೆಹುಳುವೂ ಎಲೆ ತಿನ್ನುವ ಹುಳುವೇ ತಾನೆ? ರಾಮನಗರ, ಶಿಡ್ಲಘಟ್ಟ, ಕೋಲಾರದ ಕಡೆ ಅಕ್ಕಪಕ್ಕ ಹಿಪ್ಪುನೇರಳೆ ತೋಟವೋ ಹುಳು ಸಾಕುವ ಮನೆಯೋ ಇದ್ದರೆ ಬಿ.ಟಿ. ಮುಟ್ಟಲೇಬೇಡಿ. ನಿಮ್ಮ ನಂದಿಬಟ್ಟಲು ಚಿಗುರುತ್ತದೆ, ಅವರ ಚಾಕಿ ಹುಳು (ಎಳೆಯ ರೇಷ್ಮೆಹುಳು) ಸತ್ತರೆ ಆ ಬೆಳೆಯೇ ಹೋಯಿತು.

ಬಿ.ಟಿ. ಮೈಗೆ ತಾಗಿದರೆ ಏನೂ ಆಗದು, ಹುಳು ಅದನ್ನು ತಿನ್ನಬೇಕು. ಹುಳುವಿನ ಕರುಳಿನ ಕ್ಷಾರಗುಣದಲ್ಲಿ ಅದರ ವಿಷ ಕರಗಿ ಕರುಳಿನ ಗೋಡೆ ಒಡೆಯುತ್ತದೆ. ಜೇನ್ನೊಣ, ಹಕ್ಕಿ, ನಾಯಿ, ಬೆಕ್ಕುಗಳಿಗೆ ತೊಂದರೆಯಿಲ್ಲ. ಚಿಟ್ಟೆಯ ಹುಳುವಿಗೆ ಮಾತ್ರ ಪತಂಗದ ಹುಳುವಿನ ಗತಿಯೇ, ಆದ್ದರಿಂದ ಬೇಕಾದ ಗಿಡಕ್ಕಷ್ಟೇ ಹೊಡೆಯಿರಿ, ಪಕ್ಕದ ಗಿಡಕ್ಕೆ ಬೇಡ.

ಲೀಟರ್ ನೀರಿಗೆ 1ರಿಂದ 2 ಗ್ರಾಂ ಪುಡಿ. ಬೋರ್‌ವೆಲ್ಲಿನ ಗಡಸು ನೀರಿಗಿಂತ ಮಳೆನೀರು ಅಥವಾ ಶುದ್ಧೀಕರಿಸಿದ ಕುಡಿಯುವ ನೀರು ಒಳ್ಳೆಯದು. ಅಂಟಿಕೊಳ್ಳಲು ನಾಲ್ಕು ಹನಿ ದ್ರವ ಸಾಬೂನು. ಕಲಕಿದ್ದನ್ನು ಅಂದೇ ಮುಗಿಸಿ, ನಾಳೆಗೆ ಇಡಬೇಡಿ. ಇದನ್ನೂ ಸಂಜೆಯೇ ಹೊಡೆಯಬೇಕು. ರಾತ್ರಿ ಮೇಯುವ ಹುಳುವಿಗೆ ಹೊಸ ಊಟವೂ ಆಯಿತು, ಬಿಸಿಲಿಗೆ ಸಿಗದೆ ಬ್ಯಾಕ್ಟೀರಿಯಾ ಉಳಿಯಿತು. ಮಾರನೆಯ ದಿನ ಹುಳು ಅಲ್ಲೇ ಇರುವುದನ್ನು ನೋಡಿ ಮೋಸಹೋದೆ ಎನ್ನಬೇಡಿ. ಕೆಲವೇ ಗಂಟೆಗಳಲ್ಲಿ ಅದು ತಿನ್ನುವುದನ್ನು ಬಿಟ್ಟಿರುತ್ತದೆ, ಸಾಯಲು ಎರಡು ಮೂರು ದಿನ ಬೇಕು. ಕೆಳಗೆ ಹಾಸಿದ ಹಾಳೆಯಲ್ಲಿ ಹಿಕ್ಕೆ ನಿಂತಿದೆಯೇ ನೋಡಿ, ಅದೇ ಸಾಕ್ಷಿ. ಗಸಗಸೆ ಮತ್ತು ಸಾಸಿವೆ ಹಂತಕ್ಕೆ ಇದು ಸರಿಯಾದ ಮದ್ದು. ಐದಾರು ದಿನಕ್ಕೆ, ಅಥವಾ ಜೋರು ಮಳೆ ಬಂದರೆ ಮಳೆ ನಿಂತ ಮೇಲೆ, ಇನ್ನೊಮ್ಮೆ.

ಹೆಜ್ಜೆ 8: ರಾಸಾಯನಿಕ ಬೇಕೇ ಬೇಕೆಂದರೆ

ಮನೆಯಂಗಳಕ್ಕೆ ಇದು ಬೇಕಾಗುವುದು ಅಪರೂಪ. ಬೇಕಾದರೂ ಹಳೆಯ ಗಾಟು ವಾಸನೆಯ ಔಷಧಗಳ ನೆನಪು ಬಿಡಿ. ಒಂದು ಕಾಲದಲ್ಲಿ ಎಲ್ಲರ ಮನೆಯಲ್ಲಿದ್ದ ಡೈಕ್ಲೋರ್‌ವಾಸ್ 2020ರ ಡಿಸೆಂಬರ್ 31ರಿಂದ ದೇಶದಲ್ಲಿ ನಿಷಿದ್ಧ. ಹಳೆಯ ಶೀಶೆ ಅಟ್ಟದ ಮೇಲಿದ್ದರೆ ಬಳಸಬೇಡಿ. ಡಬ್ಬಿಯ ಮೇಲೆ ಓರೆಯಾಗಿ ನಿಲ್ಲಿಸಿದ ಚೌಕವಿರುತ್ತದೆ, ಅದರ ಕೆಳಭಾಗದ ಬಣ್ಣ ನೋಡಿ. ಕೆಂಪು ಅತ್ಯಂತ ವಿಷ, ಆಮೇಲೆ ಹಳದಿ, ನೀಲಿ, ಕೊನೆಗೆ ಹಸಿರು. ಕೆಂಪು, ಹಳದಿಗಳನ್ನು ಮನೆಯೊಳಗೆ ತರಬೇಡಿ.

ಮಣ್ಣಿನ ಬ್ಯಾಕ್ಟೀರಿಯಾದಿಂದ ತೆಗೆದ ಸ್ಪೈನೋಸಾಡ್ ಎಂಬ ಔಷಧ (ಡಬ್ಬಿಯ ಮೇಲೆ 45 ಎಸ್‌ಸಿ ಎಂದಿರುವುದು) ಲೀಟರಿಗೆ 0.3 ಮಿ.ಲೀ. ಸಾಕು. ಇಷ್ಟು ಸಣ್ಣ ಅಳತೆಗೆ ಮೆಡಿಕಲ್ ಅಂಗಡಿಯ ಒಂದು ಮಿ.ಲೀ. ಸಿರಿಂಜು ತನ್ನಿ, ಮುಚ್ಚಳದ ಅಂದಾಜು ಬೇಡ. ಹಸಿಯಾಗಿರುವಾಗ ಅದು ಜೇನ್ನೊಣಕ್ಕೆ ಮಾರಕ. ಆದ್ದರಿಂದ ನೊಣಗಳು ಗೂಡಿಗೆ ಮರಳಿದ ಮೇಲೆ, ಅರಳಿದ ಹೂ ಕಿತ್ತು ತೆಗೆದು ಸಿಂಪಡಿಸಿ. ಅಡುಗೆಗೆ, ಮುಡಿಗೆ, ದೇವರಿಗೆ ಹೋಗುವ ಯಾವ ಗಿಡಕ್ಕೂ ಇದು ಬೇಡ ಎಂಬುದು ನನ್ನ ನಿಯಮ. ತುಳಸಿ, ಕರಿಬೇವು, ಮಲ್ಲಿಗೆ, ದಾಸವಾಳ ಎಲ್ಲ ಅದರಲ್ಲಿ ಬಂದವು. ಸಿಂಪಡಿಸುವ ಬಾಟಲಿಯ ಮೇಲೆ ಹೆಸರು ಬರೆದಿಡಿ, ಕುಡಿಯುವ ನೀರಿನ ಬಾಟಲಿಯಲ್ಲಿ ಔಷಧ ಕಲಕಬೇಡಿ.

ಹೆಜ್ಜೆ 9: ಹುಳು ಹೋದ ಮೇಲೆ

ಬೋಳಾದ ಗಿಡಕ್ಕೆ ಕನಿಕರದಿಂದ ಯೂರಿಯಾ ಸುರಿಯುವವರುಂಟು. ಸೊಕ್ಕಿದ ಎಳೆಚಿಗುರು ಬರುತ್ತದೆ, ಅದನ್ನು ಹುಡುಕಿಕೊಂಡು ಮುಂದಿನ ತಂಡದ ಪತಂಗ ಬರುತ್ತದೆ. ಎರಡು ಹಿಡಿ ಎರೆಗೊಬ್ಬರ, ಹದವಾದ ನೀರು ಸಾಕು. ಎಲೆಯಿಲ್ಲದ ಗಿಡ ನೀರನ್ನೂ ಕಡಿಮೆ ಕುಡಿಯುತ್ತದೆ. ಗಿಡದ ನೆತ್ತಿಯ ಮೇಲೆ ರಾತ್ರಿಯಿಡೀ ಬಿಳಿಯ ದೀಪ ಉರಿಯುತ್ತಿದ್ದರೆ ಆರಿಸಿ, ಅದು ಪತಂಗಗಳಿಗೆ ಕರೆಯೋಲೆ. ಪಿಕಳಾರ, ಟುವ್ವಿಹಕ್ಕಿ, ಮಡಿವಾಳಗಳು ಬರುವಂತೆ ನೀರಿನ ಬಟ್ಟಲಿಡಿ. ಮರಿ ಸಾಕುವ ದಿನಗಳಲ್ಲಿ ಅವು ಹೊತ್ತೊಯ್ಯುವ ಹುಳುಗಳಿಗೆ ಲೆಕ್ಕವಿಲ್ಲ. ಕೋಗಿಲೆಯ ಬಳಗದವು ಕಂಬಳಿಹುಳುವನ್ನೂ ಬಿಡುವುದಿಲ್ಲ.

ಕೊನೆಯ ಹುಳು ಮಾಯವಾದ ಎರಡು ಮೂರು ದಿನಕ್ಕೆ ಗಿಡದ ಬುಡದ ತರಗೆಲೆ ಸರಿಸಿ ಮೇಲ್ಮಣ್ಣನ್ನು ಕೈಯಿಂದ ಸಡಿಲಿಸಿ. ಕಂದು ಬಣ್ಣದ, ಕಡಲೆಕಾಯಿಗಿಂತ ಉದ್ದನೆಯ ಕೋಶಗಳು ಸಿಗುತ್ತವೆ. ಬಿಸಿಲಿಗೆ ಹರಡಿದರೆ ಮೈನಾಗಳು ಐದು ನಿಮಿಷದಲ್ಲಿ ಮುಗಿಸುತ್ತವೆ. ಮನೆಯಲ್ಲಿ ಮಕ್ಕಳಿದ್ದರೆ ನಂದಿಬಟ್ಟಲಿನ ಕೆಳಗೆ ಸಿಕ್ಕಿದ್ದರಲ್ಲಿ ಒಂದನ್ನು ಮಾತ್ರ ಅಗಲ ಬಾಯಿಯ ಗಾಜಿನ ಜಾಡಿಯಲ್ಲಿ, ತೇವದ ಮಣ್ಣಿನ ಮೇಲಿಟ್ಟು ತೆಳುಬಟ್ಟೆ ಕಟ್ಟಿ. ಒಂದು ಒರಟು ಕಡ್ಡಿಯನ್ನು ಓರೆಯಾಗಿ ಇಡಲು ಮರೆಯಬೇಡಿ. ಎರಡು ಮೂರು ವಾರದಲ್ಲಿ ಹೊರಬರುವ ಪತಂಗ ಅದನ್ನು ಹತ್ತಿ, ತಲೆ ಮೇಲಾಗಿ ತೂಗಿ, ರೆಕ್ಕೆಗೆ ರಕ್ತ ತುಂಬಿಕೊಳ್ಳಬೇಕು. ಕಡ್ಡಿ ಇಲ್ಲದಿದ್ದರೆ ರೆಕ್ಕೆ ಮುದುಡಿಯೇ ಒಣಗುತ್ತದೆ. ಹಸಿರು, ಗುಲಾಬಿ, ಬಿಳಿಯ ಅಲೆಗಳ ಆ ರೆಕ್ಕೆ ನೋಡಿದ ಮೇಲೆ ಮುಸ್ಸಂಜೆಗೆ ಬಟ್ಟೆ ಬಿಚ್ಚಿ. ಜಾಡಿಯನ್ನು ನಿಮ್ಮ ನಂದಿಬಟ್ಟಲಿನಿಂದ ತುಸು ದೂರದಲ್ಲಿಟ್ಟೇ ಬಿಚ್ಚಿ. ನಾನು ಆ ದೂರ ಸಾಲದೆ, ಮುಂದಿನ ಬುಧವಾರ ಮತ್ತೆ ಗಸಗಸೆ ಹುಡುಕಿದೆ.